ಈಥರ್: ಇಹಪರಗಳ ನಡುವಿನ ಒಂದು ವಸ್ತುವಿನ ಕಥೆ

ಯಾರೂ ಕಾಣದ, ಯಾರೂ ಮುಟ್ಟದ, ಯಾವ ತಕ್ಕಡಿಯಲ್ಲೂ ತೂಗಲಾಗದ ಒಂದು ವಸ್ತುವನ್ನು ಯೂರೋಪಿನ ಬಹುದೊಡ್ಡ ವಿಜ್ಞಾನಿಗಳು ಸುಮಾರು ನೂರು ವರ್ಷಗಳ ಕಾಲ ನಿಜವೆಂದೇ ನಂಬಿದ್ದರು. ಅದು ವಿಶ್ವದ ಮೂಲೆಮೂಲೆಯನ್ನೂ ತುಂಬಿದೆ, ಸೂರ್ಯನಿಂದ ಭೂಮಿಗೆ ಬೆಳಕನ್ನು ಹೊತ್ತು ತರುವುದು ಅದೇ, ಗಾಜಿನೊಳಗೂ ಕಬ್ಬಿಣದೊಳಗೂ ನಮ್ಮ ಮೈಯೊಳಗೂ ಅದು ವ್ಯಾಪಿಸಿದೆ ಎಂಬುದು ಅವರ ನಿಲುವಾಗಿತ್ತು. ಅದರ ಹೆಸರು ಈಥರ್. ಹಿಂದೆ ಆಸ್ಪತ್ರೆಗಳಲ್ಲಿ ರೋಗಿಯ ಪ್ರಜ್ಞೆ ತಪ್ಪಿಸಲು ಬಳಸುತ್ತಿದ್ದ ಘಾಟು ವಾಸನೆಯ ದ್ರವಕ್ಕೂ ಇದೇ ಹೆಸರಿದೆ. ಆದರೆ ಅದು ಸೀಸೆಯಲ್ಲಿ ತುಂಬಿಡಬಹುದಾದ ಪದಾರ್ಥ. ಇಲ್ಲಿ ಹೇಳಹೊರಟಿರುವ ಈಥರನ್ನು ಯಾರೂ ಎಂದೂ ಸೀಸೆಗೆ ತುಂಬಲಿಲ್ಲ.

ಬೆಳಕನ್ನು ಹೊರುವ ಕೆಲಸದ ಜೊತೆಗೆ ಈ ವಸ್ತುವಿಗೆ ಇನ್ನೊಂದು ಕೆಲಸವೂ ಅಂಟಿಕೊಂಡಿತು. ಕಾಣುವ ಲೋಕಕ್ಕೂ ಕಾಣದ ಲೋಕಕ್ಕೂ ನಡುವಿನ ಗಡಿ ಅದೇ ಎಂದು ಹಲವರು ಭಾವಿಸಿದರು. ಸತ್ತವರು ಇರುವುದು ಅಲ್ಲಿ, ಆತ್ಮಗಳು ತೊಡುವ ಮೈ ಅದರದ್ದು, ನಾಲ್ಕನೆಯ ಆಯಾಮಕ್ಕೆ ಬಾಗಿಲು ತೆರೆಯುವುದು ಅದರ ಮೂಲಕ ಎಂಬ ಮಾತುಗಳು ಹುಟ್ಟಿದವು. ಹೀಗೆ ಹೇಳಿದವರಲ್ಲಿ ಮಂತ್ರವಾದಿಗಳಷ್ಟೇ ಇರಲಿಲ್ಲ, ವಿಶ್ವವಿದ್ಯಾಲಯಗಳ ಭೌತವಿಜ್ಞಾನ ಪ್ರಾಧ್ಯಾಪಕರೂ ಇದ್ದರು. ಒಂದೇ ವಸ್ತು ಈ ಎರಡು ಕೆಲಸಗಳನ್ನು ಹೊತ್ತದ್ದು ಹೇಗೆ? ಒಂದು ಕೆಲಸ ಕೈತಪ್ಪಿದಾಗ ಇನ್ನೊಂದರ ಗತಿ ಏನಾಯಿತು? ವಿಜ್ಞಾನದ ಚರಿತ್ರೆಯಲ್ಲಿ ಇದಕ್ಕಿಂತ ಸ್ವಾರಸ್ಯವಾದ ಅಧ್ಯಾಯಗಳು ಕಡಿಮೆ.

ಬೆಳಕಿಗೊಂದು ವಾಹನ

ಹೆಸರು ಗ್ರೀಕರದು. ಮಣ್ಣು, ನೀರು, ಗಾಳಿ, ಬೆಂಕಿಗಳಿಂದಾದ ನಮ್ಮ ಲೋಕ ಹುಟ್ಟಿ ಅಳಿಯುತ್ತದೆ. ನಕ್ಷತ್ರಗಳ ಲೋಕ ಅಳಿಯುವುದಿಲ್ಲ. ಆದ್ದರಿಂದ ಅದು ಬೇರೆಯೇ ಒಂದು ಐದನೆಯ ದ್ರವ್ಯದಿಂದ ಆಗಿರಬೇಕು ಎಂದು ಅರಿಸ್ಟಾಟಲ್ ವಾದಿಸಿದ್ದ. ಹದಿನೇಳನೆಯ ಶತಮಾನದ ವಿಜ್ಞಾನಿಗಳು ಈ ಹಳೆಯ ಹೆಸರನ್ನು ಎತ್ತಿಕೊಂಡು ಹೊಸ ಕೆಲಸಕ್ಕೆ ಹಚ್ಚಿದರು. ಡಚ್ ವಿಜ್ಞಾನಿ ಕ್ರಿಶ್ಚಿಯನ್ ಹೈಗೆನ್ಸ್ 1690ರಲ್ಲಿ ಪ್ರಕಟಿಸಿದ ಗ್ರಂಥದಲ್ಲಿ, ಬೆಳಕು ಈಥರಿನಲ್ಲಿ ಹರಡುವ ಅಲೆ ಎಂದು ಸಾರಿದ. ನ್ಯೂಟನ್ ಇದನ್ನು ಒಪ್ಪಲಿಲ್ಲ. ಬೆಳಕು ಸೂಕ್ಷ್ಮ ಕಣಗಳ ಪ್ರವಾಹ ಎಂಬುದು ಅವನ ಒಲವು. ಅವನ ಹೆಸರಿನ ಭಾರಕ್ಕೆ ಹೈಗೆನ್ಸನ ವಾದ ನೂರು ವರ್ಷ ಮೂಲೆ ಸೇರಿತು.

ಹತ್ತೊಂಬತ್ತನೆಯ ಶತಮಾನದ ಆರಂಭದಲ್ಲಿ ಇಂಗ್ಲೆಂಡಿನ ಥಾಮಸ್ ಯಂಗ್, ಬಳಿಕ ಫ್ರಾನ್ಸಿನ ಫ್ರೆನೆಲ್, ಬೆಳಕು ಅಲೆಯೇ ಎಂದು ತೋರಿಸಿಕೊಟ್ಟರು. ಎರಡು ಬೆಳಕುಗಳು ಸೇರಿದಾಗ ಕೆಲವೆಡೆ ಕತ್ತಲು ಉಂಟಾಗುತ್ತದೆ. ಕಣಗಳಾಗಿದ್ದರೆ ಹೀಗಾಗಲು ಸಾಧ್ಯವಿಲ್ಲ. ಒಂದು ಅಲೆಯ ಉಬ್ಬು ಇನ್ನೊಂದರ ತಗ್ಗಿಗೆ ಬಂದು ಕೂತರೆ ಮಾತ್ರ ಸಾಧ್ಯ. ಕೆರೆಗೆ ಎರಡು ಕಲ್ಲು ಎಸೆದು ನೋಡಿದವರಿಗೆಲ್ಲ ಇದು ಗೊತ್ತು.

ಆದರೆ ಅಲೆ ಎಂದೊಡನೆ ಪ್ರಶ್ನೆ ಏಳುತ್ತದೆ: ಯಾವುದರ ಅಲೆ? ಕೆರೆಯ ಅಲೆಗೆ ನೀರು ಬೇಕು, ಸದ್ದಿನ ಅಲೆಗೆ ಗಾಳಿ ಬೇಕು. ಗಂಟೆಯನ್ನು ಗಾಜಿನ ಬುರುಡೆಯಲ್ಲಿಟ್ಟು ಗಾಳಿ ತೆಗೆದರೆ ಸದ್ದು ಅಡಗುತ್ತದೆ, ಗಂಟೆ ಮಾತ್ರ ಕಾಣುತ್ತಲೇ ಇರುತ್ತದೆ. ಹಾಗಾದರೆ ಗಾಳಿ ಹೋದ ಮೇಲೂ ಬುರುಡೆಯೊಳಗೆ ಏನೋ ಉಳಿದಿದೆ, ಬೆಳಕನ್ನು ಹೊರುವುದು ಅದೇ. ಈ ತರ್ಕದಲ್ಲಿ ಆ ಕಾಲಕ್ಕೆ ಯಾರಿಗೂ ಲೋಪ ಕಾಣಲಿಲ್ಲ.

ತೊಡಕು ಬೇರೆಡೆ ಇತ್ತು. ಬೆಳಕಿನ ಅಲೆ ತಾನು ಸಾಗುವ ದಿಕ್ಕಿಗೆ ಅಡ್ಡಲಾಗಿ ಕಂಪಿಸುತ್ತದೆ ಎಂದು ಫ್ರೆನೆಲ್ ಕಂಡುಕೊಂಡ. ಅಂಥ ಅಡ್ಡ ಅಲೆ ಒಂದು ವಸ್ತುವಿನ ಒಡಲೊಳಗೆ ಹಾಯಬೇಕಾದರೆ ಆ ವಸ್ತು ಘನವಾಗಿರಬೇಕು. ದ್ರವದ ಒಳಗೆ, ಅನಿಲದ ಒಳಗೆ ಅದು ಸಾಗದು. ಬೆಳಕಿನ ವೇಗ ಸೆಕೆಂಡಿಗೆ ಸುಮಾರು 3 ಲಕ್ಷ ಕಿಲೋಮೀಟರ್. ಆ ವೇಗಕ್ಕೆ ಈಥರ್ ಉಕ್ಕಿಗಿಂತ ಬಿರುಸಾಗಿರಬೇಕು. ಆದರೆ ಭೂಮಿ ಅದರೊಳಗೆ ಸೆಕೆಂಡಿಗೆ 30 ಕಿಲೋಮೀಟರ್ ವೇಗದಲ್ಲಿ ಯಾವ ತಡೆಯೂ ಇಲ್ಲದೆ ಓಡುತ್ತಿದೆ! ಉಕ್ಕಿನಷ್ಟು ಗಟ್ಟಿ, ಗಾಳಿಗಿಂತ ತೆಳು. ಇಂಥ ವಸ್ತು ಇರಬಹುದೆ?

ಇರಬಹುದು ಎಂದು ತೋರಿಸಲು ಲಾರ್ಡ್ ಕೆಲ್ವಿನ್ ಜೋಡು ಹೊಲಿಯುವವರು ಬಳಸುವ ಮೇಣದ ಗಟ್ಟಿಯನ್ನು ಉದಾಹರಿಸುತ್ತಿದ್ದ. ಥಟ್ಟನೆ ಬಡಿದರೆ ಅದು ಘನವಸ್ತುವಿನಂತೆ ಕಂಪಿಸುತ್ತದೆ. ಅದರ ಮೇಲೆ ಸೀಸದ ಗುಂಡಿಟ್ಟು ತಿಂಗಳುಗಟ್ಟಲೆ ಬಿಟ್ಟರೆ ಗುಂಡು ನಿಧಾನವಾಗಿ ಮುಳುಗುತ್ತದೆ. ಈಥರ್ ಕೂಡ ಹಾಗೆಯೇ ಎಂಬುದು ಸಮಾಧಾನ. ಮ್ಯಾಕ್ಸ್‌ವೆಲ್ 1860ರ ದಶಕದಲ್ಲಿ ಬೆಳಕು, ವಿದ್ಯುತ್ತು, ಕಾಂತಶಕ್ತಿಗಳನ್ನು ಒಂದೇ ಸೂತ್ರದಲ್ಲಿ ಕಟ್ಟಿದಾಗ ಈಥರಿನ ಘನತೆ ಮತ್ತಷ್ಟು ಏರಿತು. ಬ್ರಿಟಾನಿಕಾ ವಿಶ್ವಕೋಶಕ್ಕೆ ಈಥರ್ ಕುರಿತು ಲೇಖನ ಬರೆದವನೂ ಅವನೇ. ಮೂಲವಸ್ತುಗಳ ಕೋಷ್ಟಕವನ್ನು ರಚಿಸಿದ ರಷ್ಯದ ಮೆಂಡಲೀಫ್ 1902ರಲ್ಲಿ ಈಥರಿಗೆ ಆ ಕೋಷ್ಟಕದಲ್ಲೇ, ಜಲಜನಕಕ್ಕೂ ಮೊದಲು, ಒಂದು ಮನೆ ಕೊಡಲು ಹೊರಟ. ಹಾಗೆಂದು ಅವನು ಪ್ರೇತಗಳನ್ನು ನಂಬುವವನಲ್ಲ. ಪ್ರೇತಾವಾಹನೆಯ ಬೈಠಕ್ಕುಗಳನ್ನು ಪರೀಕ್ಷಿಸಲು 1875ರಲ್ಲಿ ಸಮಿತಿ ರಚಿಸಿ ಅವೆಲ್ಲ ಹುಸಿ ಎಂದು ಸಾರಿದ್ದವನು.

ಕಾಣದ ಲೋಕದ ಗಡಿ

ಆ ಬೈಠಕ್ಕುಗಳು ಆಗ ಯೂರೋಪು, ಅಮೆರಿಕಗಳಲ್ಲಿ ದೊಡ್ಡ ಗೀಳಾಗಿದ್ದವು. ಕತ್ತಲ ಕೋಣೆಯಲ್ಲಿ ಮೇಜಿನ ಸುತ್ತ ಕೈಹಿಡಿದು ಕೂರುವುದು, ನಡುವೆ ಕೂತವರ ಮೈಮೇಲೆ ಸತ್ತವರು ಬಂದು ಮಾತಾಡುವುದು, ಮೇಜು ತಾನಾಗಿ ಅಲುಗುವುದು. ಹೀಗೆ ಸತ್ತವರ ಮಾತನ್ನು ಹೊತ್ತು ತರುವ ವ್ಯಕ್ತಿಗೂ, ಬೆಳಕನ್ನು ಹೊತ್ತು ತರುವ ಈಥರಿಗೂ ಇಂಗ್ಲಿಷಿನಲ್ಲಿ ಒಂದೇ ಮಾತು: ಮೀಡಿಯಂ.

ಇದರ ಹಿಂದೆ ಒಂದು ನಿಜವಾದ ಸಂಕಟವಿತ್ತು. ಡಾರ್ವಿನ್ನನ ಗ್ರಂಥ 1859ರಲ್ಲಿ ಬಂದಿತ್ತು. ಮನುಷ್ಯನೂ ಪ್ರಾಣಿಗಳ ಸಾಲಿನಲ್ಲೇ ನಿಂತಿದ್ದ. ಚರ್ಚು ಹೇಳುವ ಸ್ವರ್ಗಕ್ಕೆ ಹೊಸ ವಿಶ್ವದ ನಕ್ಷೆಯಲ್ಲಿ ಜಾಗ ಕಾಣುತ್ತಿರಲಿಲ್ಲ. ಶ್ರದ್ಧೆಯನ್ನು ಬಿಡಲಾರದ, ವಿಜ್ಞಾನವನ್ನೂ ಬಿಡಲಾರದ ಜನಕ್ಕೆ ಈಥರ್ ಆಸರೆಯಾಗಿ ಒದಗಿತು. ಕಣ್ಣಿಗೆ ಕಾಣದ, ಆದರೆ ವಿಜ್ಞಾನಿಗಳೇ ಒಪ್ಪಿದ ವಸ್ತು ಒಂದಿದೆಯಲ್ಲ! ಪರಲೋಕ ಅಲ್ಲೇಕೆ ಇರಬಾರದು?

1875ರಲ್ಲಿ ಲೇಖಕರ ಹೆಸರಿಲ್ಲದೆ ‘ಕಾಣದ ವಿಶ್ವ’ ಎಂಬರ್ಥದ ಇಂಗ್ಲಿಷ್ ಪುಸ್ತಕವೊಂದು ಹೊರಬಂತು. ಬರೆದವರು ಬಾಲ್ಫರ್ ಸ್ಟೂವರ್ಟ್ ಮತ್ತು ಪೀಟರ್ ಟೇಟ್, ಇಬ್ಬರೂ ಹೆಸರಾಂತ ಭೌತವಿಜ್ಞಾನಿಗಳು. ನಾವು ಯೋಚಿಸುವಾಗ ಮೆದುಳಿನಲ್ಲಿ ಆಗುವ ಚಲನೆಯ ಒಂದಂಶ ಈಥರಿಗೂ, ಅದರಾಚೆಯ ಕಾಣದ ವಿಶ್ವಕ್ಕೂ ದಾಟಿ ಅಲ್ಲಿ ಉಳಿಯುತ್ತದೆ. ದೇಹ ಬಿದ್ದುಹೋದರೂ ಆ ದಾಖಲೆ ಅಳಿಯುವುದಿಲ್ಲ ಎಂಬುದು ಅವರ ವಾದದ ತಿರುಳು. ಶಕ್ತಿ ನಾಶವಾಗುವುದಿಲ್ಲ ಎಂಬ ಹೊಸ ನಿಯಮವನ್ನು ಅವರು ಆತ್ಮಕ್ಕೂ ವಿಸ್ತರಿಸಿದ್ದರು. ಪುಸ್ತಕ ಮತ್ತೆ ಮತ್ತೆ ಮುದ್ರಣವಾಯಿತು.

ಎರಡು ವರ್ಷದ ಬಳಿಕ ಜರ್ಮನಿಯ ಲೈಪ್‌ಜಿಗ್‌ನಲ್ಲಿ ಇನ್ನೂ ವಿಚಿತ್ರವಾದದ್ದು ನಡೆಯಿತು. ಅಲ್ಲಿನ ಖಗೋಳ ಭೌತವಿಜ್ಞಾನಿ ಯೋಹಾನ್ ಝಾಲ್ನರ್ ನಾಲ್ಕನೆಯ ಆಯಾಮದ ಬಗ್ಗೆ ತಲೆ ಕೆಡಿಸಿಕೊಂಡಿದ್ದ. ಉದ್ದ, ಅಗಲ, ಎತ್ತರ ಎಂಬ ಮೂರು ಆಯಾಮಗಳಲ್ಲಿ ನಾವು ಬದುಕುತ್ತೇವೆ. ಉದ್ದ ಅಗಲ ಮಾತ್ರ ಬಲ್ಲ ಜೀವಿಯೊಂದು ಕಾಗದದ ಹಾಳೆಯ ಮೇಲಿದೆ ಎಂದುಕೊಳ್ಳೋಣ. ಅದರ ಸುತ್ತ ಒಂದು ಗೆರೆ ಎಳೆದರೆ ಅದಕ್ಕೆ ಅದೇ ಸೆರೆಮನೆ. ನಾವು ಅದನ್ನು ಮೇಲಕ್ಕೆತ್ತಿ ಗೆರೆಯ ಆಚೆ ಇಟ್ಟರೆ ಅದಕ್ಕೆ ಅದು ಪವಾಡ. ಹಾಗೆಯೇ ನಾಲ್ಕು ಆಯಾಮ ಬಲ್ಲ ಜೀವಿಗಳಿದ್ದರೆ ನಮ್ಮ ಬೀಗ ಹಾಕಿದ ಪೆಟ್ಟಿಗೆಯೂ ಅವಕ್ಕೆ ತೆರೆದ ಹಾಳೆಯೇ. ತುದಿಗಳನ್ನು ಬಿಗಿದಿಟ್ಟ ಹಗ್ಗದಲ್ಲೂ ಅವು ಗಂಟು ಹಾಕಬಲ್ಲವು. ಗಣಿತದ ಮಟ್ಟಿಗೆ ಇದು ಸರಿಯಾದ ಮಾತೇ.

ಝಾಲ್ನರ್ ಇದನ್ನು ಪರೀಕ್ಷಿಸಲು ಕರೆಸಿಕೊಂಡದ್ದು ಹೆನ್ರಿ ಸ್ಲೇಡ್ ಎಂಬ ಅಮೆರಿಕನ್ನನನ್ನು. ಸ್ಲೇಟಿನ ಮೇಲೆ ಪ್ರೇತಗಳಿಂದ ಬರೆಸುತ್ತೇನೆಂದು ಹಣ ಪಡೆಯುತ್ತಿದ್ದ ಈತ 1876ರಲ್ಲಿ ಲಂಡನ್ನಿನ ನ್ಯಾಯಾಲಯದಲ್ಲಿ ವಂಚನೆಗಾಗಿ ಶಿಕ್ಷೆಗೊಳಗಾಗಿ, ಮೇಲ್ಮನವಿಯಲ್ಲಿ ತಾಂತ್ರಿಕ ಕಾರಣದಿಂದ ಪಾರಾಗಿದ್ದ. 1877ರ ಡಿಸೆಂಬರಿನಲ್ಲಿ ಝಾಲ್ನರ್ ಎರಡೂ ತುದಿ ಸೇರಿಸಿ ಅರಗಿನ ಮುದ್ರೆ ಒತ್ತಿದ ಹಗ್ಗವನ್ನು ತಂದ. ಬೈಠಕ್ಕು ಮುಗಿಯುವಾಗ ಅದರಲ್ಲಿ ನಾಲ್ಕು ಗಂಟುಗಳಿದ್ದವು! ನಾಲ್ಕನೆಯ ಆಯಾಮಕ್ಕೆ ಪುರಾವೆ ದೊರೆಯಿತೆಂದು ಪ್ರಾಧ್ಯಾಪಕ ಪುಸ್ತಕವನ್ನೇ ಬರೆದ. ಕೈಚಳಕ ಬಲ್ಲವನನ್ನು ಹಿಡಿಯಲು ಭೌತವಿಜ್ಞಾನಿಯ ವಿದ್ಯೆ ಸಾಲದು ಎಂಬುದು ಅವನಿಗೆ ಹೊಳೆಯಲಿಲ್ಲ. ಪ್ರಕೃತಿ ತನ್ನನ್ನು ಪರೀಕ್ಷಿಸುವವನಿಗೆ ಬೇಕೆಂದು ಮೋಸ ಮಾಡುವುದಿಲ್ಲ, ಮನುಷ್ಯ ಮಾಡುತ್ತಾನೆ. ಪೆನ್ಸಿಲ್ವೇನಿಯ ವಿಶ್ವವಿದ್ಯಾಲಯದ ಸೀಬರ್ಟ್ ಸಮಿತಿ ಇದೇ ಸ್ಲೇಡನನ್ನು ಪರೀಕ್ಷಿಸಿ, ಅವನ ಸ್ಲೇಟಿನ ಬರಹ ಬರಿಯ ಮೋಸ ಎಂದು 1887ರಲ್ಲಿ ವರದಿ ಪ್ರಕಟಿಸಿತು.

ಹೊಳೆಯಲ್ಲಿ ಇಬ್ಬರು ಈಜುಗಾರರು

ಅದೇ 1887ರಲ್ಲಿ, ಅದೇ ಅಮೆರಿಕದಲ್ಲಿ, ಈಥರಿಗೂ ಪರೀಕ್ಷೆಯ ದಿನ ಬಂತು. ಭೂಮಿ ಈಥರಿನೊಳಗೆ ಓಡುತ್ತಿದ್ದರೆ, ಓಡುವ ಬಂಡಿಯಲ್ಲಿ ಕೂತವನ ಮುಖಕ್ಕೆ ಗಾಳಿ ಬಡಿಯುವಂತೆ ನಮಗೂ ಈಥರಿನ ಗಾಳಿ ಬಡಿಯಬೇಕು. ಅದನ್ನು ಅಳೆಯಲು ಆಲ್ಬರ್ಟ್ ಮೈಕೆಲ್ಸನ್ ಒಂದು ಉಪಾಯ ಹೂಡಿದ.

ಹರಿಯುವ ಹೊಳೆಯಲ್ಲಿ ಸಮಾನ ಬಲದ ಇಬ್ಬರು ಈಜುಗಾರರನ್ನು ಬಿಡಿ. ಒಬ್ಬ ಅಡ್ಡಲಾಗಿ ಆಚೆ ದಡಕ್ಕೆ ಹೋಗಿ ಮರಳಲಿ. ಇನ್ನೊಬ್ಬ ಅಷ್ಟೇ ದೂರವನ್ನು ಪ್ರವಾಹದೊಂದಿಗೆ ಕೆಳಕ್ಕೆ ಹೋಗಿ, ಎದುರಾಗಿ ಮೇಲಕ್ಕೆ ಬರಲಿ. ಅಡ್ಡ ಈಜಿದವನೇ ಮೊದಲು ಮುಟ್ಟುತ್ತಾನೆ. ಕೆಳಕ್ಕೆ ಹೋಗುವಾಗ ಉಳಿಸಿದ ಸಮಯಕ್ಕಿಂತ ಮೇಲಕ್ಕೆ ಬರುವಾಗ ಕಳೆದುಕೊಂಡದ್ದೇ ಹೆಚ್ಚು. ಈಜುಗಾರರ ಬದಲು ಬೆಳಕಿನ ಎರಡು ಕಿರಣಗಳನ್ನು ಹೀಗೆ ಲಂಬ ದಿಕ್ಕುಗಳಲ್ಲಿ ಕಳಿಸಿ ಮತ್ತೆ ಸೇರಿಸಿದರೆ, ಅವು ಉಂಟುಮಾಡುವ ಬೆಳಕು ಕತ್ತಲಿನ ಪಟ್ಟಿಗಳು ಉಪಕರಣವನ್ನು ತಿರುಗಿಸಿದಂತೆ ಜರುಗಬೇಕು.

ಮೈಕೆಲ್ಸನ್ 1881ರಲ್ಲಿ ಜರ್ಮನಿಯಲ್ಲಿ ಮೊದಲ ಪ್ರಯತ್ನ ಮಾಡಿದ್ದ. ಪಕ್ಕದ ಬೀದಿಯ ಗಾಡಿಗಳ ಅದುರಿಗೂ ಉಪಕರಣ ತತ್ತರಿಸುತ್ತಿತ್ತು. ಕ್ಲೀವ್‌ಲ್ಯಾಂಡಿನಲ್ಲಿ ರಸಾಯನ ವಿಜ್ಞಾನಿ ಎಡ್ವರ್ಡ್ ಮಾರ್ಲೆಯ ಜೊತೆಗೂಡಿ ಅವನು ಇನ್ನಷ್ಟು ಎಚ್ಚರ ವಹಿಸಿದ. ಸುಮಾರು ಒಂದೂವರೆ ಮೀಟರ್ ಅಗಲದ ಚಚ್ಚೌಕ ಕಲ್ಲನ್ನು ಪಾದರಸದ ಮೇಲೆ ತೇಲಿಸಿ, ಅದರ ಮೇಲೆ ಕನ್ನಡಿಗಳನ್ನು ಕೂರಿಸಿದರು. ಕಿರಣಗಳು ಕನ್ನಡಿಯಿಂದ ಕನ್ನಡಿಗೆ ಪುಟಿದು ಸುಮಾರು 11 ಮೀಟರ್ ದೂರ ಹೋಗಿ ಮರಳುತ್ತಿದ್ದವು. ಕಲ್ಲು ಮೆಲ್ಲಗೆ ತಿರುಗುತ್ತಿದ್ದಂತೆ ಒಬ್ಬ ಅದರೊಂದಿಗೆ ಸುತ್ತುತ್ತ ಪಟ್ಟಿಗಳನ್ನು ನೋಡಬೇಕು. ಲೆಕ್ಕದ ಪ್ರಕಾರ ಪಟ್ಟಿಯ ಅಗಲದ ಹತ್ತರಲ್ಲಿ ನಾಲ್ಕು ಭಾಗ ಜರುಗಬೇಕಿತ್ತು. ಕಂಡದ್ದು ಅದರ ಇಪ್ಪತ್ತನೆಯ ಒಂದಂಶಕ್ಕಿಂತಲೂ ಕಡಿಮೆ. ಅಂದರೆ ಏನೂ ಇಲ್ಲ. ಈಜುಗಾರರಿಬ್ಬರೂ ಒಟ್ಟಿಗೇ ದಡ ಮುಟ್ಟಿದ್ದರು. ಹೊಳೆ ಹರಿಯುತ್ತಿರಲಿಲ್ಲ, ಅಥವಾ ಹೊಳೆಯೇ ಇರಲಿಲ್ಲ.

ಮೈಕೆಲ್ಸನ್ನಿಗೆ ಇದು ಸೋಲೆನಿಸಿತು. 1907ರಲ್ಲಿ ನೊಬೆಲ್ ಬಹುಮಾನ ಬಂದ ಮೇಲೂ ಅವನಿಗೆ ಈಥರಿನ ಮೋಹ ಪೂರ್ತಿ ಬಿಡಲಿಲ್ಲ. ಐರ್ಲೆಂಡಿನ ಫಿಟ್ಜ್‌ಜೆರಾಲ್ಡ್, ಹಾಲೆಂಡಿನ ಲೊರೆಂಟ್ಜ್ ಇಬ್ಬರೂ ಈಥರನ್ನು ಉಳಿಸಿಕೊಳ್ಳಲು ಒಂದು ದಾರಿ ಹುಡುಕಿದರು: ಓಡುವ ವಸ್ತು ಓಟದ ದಿಕ್ಕಿನಲ್ಲಿ ಲೇಶ ಮಾತ್ರ ಕುಗ್ಗುತ್ತದೆ, ಆದ್ದರಿಂದ ಈಥರಿನ ಗಾಳಿ ಅಳತೆಗೆ ಸಿಗುವುದಿಲ್ಲ. ಸ್ವಿಟ್ಜರ್ಲೆಂಡಿನ ಪೇಟೆಂಟ್ ಕಚೇರಿಯಲ್ಲಿ ನೌಕರನಾಗಿದ್ದ 26 ವರ್ಷದ ಐನ್‌ಸ್ಟೈನ್ 1905ರಲ್ಲಿ ಬೇರೆಯೇ ದಾರಿ ಹಿಡಿದ. ಈಥರ್ ಇಲ್ಲವೆಂದು ಸಾಧಿಸಲು ಅವನು ಹೋಗಲಿಲ್ಲ. ಅದಿಲ್ಲದೆಯೇ ಲೆಕ್ಕ ಸರಿಹೋಗುತ್ತದೆ, ಅದರ ಅಗತ್ಯವೇ ಇಲ್ಲ ಎಂದ. ಕೆಲಸವಿಲ್ಲದ ಮೇಲೆ ಸಂಬಳವೇಕೆ? ಸುಮಾರು ಇಪ್ಪತ್ತು ವರ್ಷಗಳಲ್ಲಿ ಈಥರ್ ಪಠ್ಯಪುಸ್ತಕಗಳಿಂದ ಮೆಲ್ಲಗೆ ಜಾರಿಹೋಯಿತು.

ಒಬ್ಬ ತಂದೆಯ ದುಃಖ

ಹಾಗೆ ಜಾರಲು ಬಿಡದವರಲ್ಲಿ ಪ್ರಮುಖ ಸರ್ ಆಲಿವರ್ ಲಾಜ್. ಈತ ಸಾಮಾನ್ಯನಲ್ಲ. 1894ರಲ್ಲಿ ಲಂಡನ್ನಿನಲ್ಲಿ ಹರ್ಟ್ಜ್‌ನ ವಿದ್ಯುತ್ಕಾಂತೀಯ ಅಲೆಗಳನ್ನು ಪ್ರದರ್ಶಿಸಿ, ರೇಡಿಯೊ ತಂತ್ರಕ್ಕೆ ನೆಲ ಹಸನು ಮಾಡಿದವರಲ್ಲಿ ಒಬ್ಬ. ಬರ್ಮಿಂಗ್‌ಹ್ಯಾಂ ವಿಶ್ವವಿದ್ಯಾಲಯದ ಮುಖ್ಯಸ್ಥ. ಉಕ್ಕಿನ ದೊಡ್ಡ ತಟ್ಟೆಗಳನ್ನು ಭಾರಿ ವೇಗದಲ್ಲಿ ತಿರುಗಿಸಿ, ಅವು ಈಥರನ್ನು ತಮ್ಮೊಂದಿಗೆ ಎಳೆಯುತ್ತವೆಯೇ ಎಂದು ತಾನೇ ಪರೀಕ್ಷಿಸಿದ್ದ. ಎಳೆಯಲಿಲ್ಲ. ಆದರೂ ಅವನ ನಂಬಿಕೆ ಕುಂದಲಿಲ್ಲ. 1909ರಲ್ಲಿ ಪ್ರಕಟಿಸಿದ ಪುಸ್ತಕದಲ್ಲಿ, ಒಂದು ಘನ ಮಿಲಿಮೀಟರ್ ಈಥರಿನ ದ್ರವ್ಯರಾಶಿ ಸಾವಿರ ಟನ್ನು ಎಂದು ಲೆಕ್ಕ ಹಾಕಿ ತೋರಿಸಿದ!

1915ರ ಸೆಪ್ಟೆಂಬರ್ 14ರಂದು ಅವನ ಕಿರಿಯ ಮಗಂದಿರಲ್ಲಿ ಒಬ್ಬನಾದ ರೇಮಂಡ್ ಬೆಲ್ಜಿಯಮ್ಮಿನ ಯುದ್ಧರಂಗದಲ್ಲಿ ಫಿರಂಗಿ ಗುಂಡಿನ ಚೂರು ತಗುಲಿ ಸತ್ತ. ಲಾಜ್ ಮತ್ತು ಅವನ ಹೆಂಡತಿ ಪ್ರೇತಾವಾಹನೆಯ ಬೈಠಕ್ಕುಗಳಿಗೆ ಹೋದರು. ಮಗ ಮಾತಾಡಿದನೆಂದು ಅವರಿಗೆ ದೃಢವಾಯಿತು. ಮರುವರ್ಷ ಲಾಜ್ ಮಗನ ಹೆಸರಿನಲ್ಲೇ ಪುಸ್ತಕ ಪ್ರಕಟಿಸಿದ. ದೇಹಕ್ಕೆ ಜೊತೆಯಾಗಿ ಈಥರಿನ ಇನ್ನೊಂದು ಮೈ ಇದೆ, ಮಣ್ಣಿನ ದೇಹ ಬಿದ್ದ ಮೇಲೆ ಆತ್ಮ ಅದರಲ್ಲಿ ಬಾಳುತ್ತದೆ ಎಂಬುದನ್ನು ಮುಂದಿನ ವರ್ಷಗಳಲ್ಲಿ ಬರವಣಿಗೆ, ಉಪನ್ಯಾಸಗಳಲ್ಲಿ ಸಾರುತ್ತ ಬಂದ. ಆ ಲೋಕದಲ್ಲಿ ಚುಟ್ಟ, ವಿಸ್ಕಿಗಳೂ ಸಿಗುತ್ತವೆ ಎಂದು ರೇಮಂಡ್ ಹೇಳಿದನೆಂಬ ಭಾಗವನ್ನು ಓದಿ ಪತ್ರಿಕೆಗಳು ನಕ್ಕವು. ಆದರೆ ಪುಸ್ತಕ ಮುದ್ರಣದ ಮೇಲೆ ಮುದ್ರಣ ಕಂಡಿತು. ಬ್ರಿಟನ್ನಿನಲ್ಲಿ ಆ ಯುದ್ಧಕ್ಕೆ ಲಕ್ಷಾಂತರ ಮಕ್ಕಳನ್ನು ಕಳೆದುಕೊಂಡ ಮನೆಗಳಿದ್ದವು. ಬಹಳ ಮಂದಿಗೆ ಶವವೂ ಕೈಗೆ ಸಿಕ್ಕಿರಲಿಲ್ಲ. ಆ ತಾಯಿತಂದೆಯರಿಗೆ ಮೈಕೆಲ್ಸನ್ನನ ಪಟ್ಟಿಗಳ ಲೆಕ್ಕ ಬೇಕಿರಲಿಲ್ಲ. ತಮ್ಮ ಹುಡುಗ ಎಲ್ಲೋ ಒಂದೆಡೆ ಇದ್ದಾನೆ ಎಂಬ ಮಾತು ಬೇಕಿತ್ತು. ಆ ಮಾತನ್ನು ಹೆಸರಾಂತ ವಿಜ್ಞಾನಿಯೊಬ್ಬ ಆಡಿದ್ದ.

ಇಲ್ಲಿಯೇ ಈಥರಿನ ಎರಡು ಕೆಲಸಗಳ ದಾರಿ ಬೇರೆಯಾಯಿತು. ಬೆಳಕನ್ನು ಹೊರುವ ಈಥರ್ ಒಂದು ಲೆಕ್ಕಕ್ಕೆ ಬದ್ಧವಾಗಿತ್ತು. ಇಷ್ಟು ಜರುಗಬೇಕು, ಜರುಗದಿದ್ದರೆ ನಾನಿಲ್ಲ ಎಂದು ಅದು ಮೊದಲೇ ಮಾತು ಕೊಟ್ಟಿತ್ತು. ಅದಕ್ಕೇ ಅದು ಸೋಲಲು ಸಾಧ್ಯವಾಯಿತು. ಸತ್ತವರನ್ನು ಹೊರುವ ಈಥರ್ ಅಂಥ ಯಾವ ಮಾತನ್ನೂ ಕೊಟ್ಟಿರಲಿಲ್ಲ. ಯಾವ ಪರೀಕ್ಷೆಯಲ್ಲೂ ಸೋಲದ ಅದು ಯಾವುದರಲ್ಲೂ ಗೆಲ್ಲಲೂ ಇಲ್ಲ.

ನಮ್ಮ ಆಕಾಶ

ನಮ್ಮಲ್ಲಿ ಈಥರನ್ನು ‘ಆಕಾಶ’ ಎಂದು ಅನುವಾದಿಸುವ ರೂಢಿ ಬಂದದ್ದು ಈ ಗದ್ದಲದ ನಡುವೆಯೇ. ಮದರಾಸಿನ ಅಡ್ಯಾರಿನಲ್ಲಿ 1882ರಿಂದ ನೆಲೆಸಿದ ಥಿಯಾಸಫಿಕಲ್ ಸೊಸೈಟಿಯ ಮೇಡಂ ಬ್ಲಾವಟ್‌ಸ್ಕಿ, ಬಳಿಕ ಆನಿ ಬೆಸೆಂಟ್ ಮತ್ತು ಲೆಡ್‌ಬೀಟರ್ ಅವರ ಬರಹಗಳಲ್ಲಿ ಈಥರೂ ಆಕಾಶವೂ ಪಕ್ಕಪಕ್ಕದಲ್ಲೇ ಓಡಾಡುತ್ತವೆ. ಸ್ವಾಮಿ ವಿವೇಕಾನಂದರು 1896ರಲ್ಲಿ ನ್ಯೂಯಾರ್ಕಿನಲ್ಲಿ ನಿಕೊಲಾ ಟೆಸ್ಲಾನನ್ನು ಭೇಟಿಯಾದಾಗ ಪ್ರಾಣ, ಆಕಾಶಗಳ ಬಗ್ಗೆ ಮಾತಾಡಿದರು. ವೇದಾಂತದ ಸೃಷ್ಟಿವಿಚಾರಕ್ಕೆ ಟೆಸ್ಲಾನಿಂದ ಗಣಿತದ ಆಧಾರ ದೊರೆಯಬಹುದೆಂಬ ಆಸೆಯನ್ನು ಅವರು ಪತ್ರವೊಂದರಲ್ಲಿ ತೋಡಿಕೊಂಡಿದ್ದಾರೆ. ಆ ಆಧಾರ ಬರಲಿಲ್ಲ.

ಯೂರೋಪಿನವರ ಈಥರ್ ನಮ್ಮ ಪೂರ್ವಿಕರಿಗೆ ಮೊದಲೇ ಗೊತ್ತಿತ್ತು ಎಂದು ಹೆಮ್ಮೆಪಡುವವರು ಒಂದು ವಿಷಯ ಗಮನಿಸಬೇಕು. ವೈಶೇಷಿಕರ ಒಂಬತ್ತು ದ್ರವ್ಯಗಳಲ್ಲಿ ಆಕಾಶವೂ ಒಂದು. ಅದರ ಗುಣ ಶಬ್ದ. ಬೆಳಕು ಸೇರಿದ್ದು ತೇಜಸ್ಸಿಗೆ. ಸ್ಥಳವನ್ನು ಸೂಚಿಸಲು ದಿಕ್ಕು ಎಂಬ ಬೇರೆಯೇ ದ್ರವ್ಯವಿದೆ. ಸದ್ದು ಗಾಳಿಯ ಅಲೆ, ಬೆಳಕು ಈಥರಿನ ಅಲೆ ಎಂಬುದು ಯೂರೋಪಿನ ವಿಂಗಡಣೆ. ಎರಡೂ ಬೇರೆ ಬೇರೆ ಪ್ರಶ್ನೆಗಳಿಗೆ ಕೊಟ್ಟ ಬೇರೆ ಬೇರೆ ಉತ್ತರಗಳು. ಆಕಾಶವನ್ನು ಈಥರಿಗೆ ಗಂಟು ಹಾಕಿದರೆ, ಈಥರ್ ಬಿದ್ದ ದಿನ ಆಕಾಶವೂ ಬೀಳಬೇಕಾಗುತ್ತದೆ. ಕಣಾದನ ತತ್ತ್ವಕ್ಕೆ ಆ ಹಂಗು ಬೇಕಿಲ್ಲ.

ಆದರೂ ಚರಿತ್ರೆಗೆ ತನ್ನದೇ ವಿನೋದವಿದೆ. ಹರ್ಟ್ಜ್‌ನ ಪ್ರಯೋಗಗಳ ಬಗ್ಗೆ ಲಾಜ್ ಬರೆದದ್ದನ್ನು ಓದಿ ಉತ್ತೇಜಿತರಾದವರಲ್ಲಿ ಕಲ್ಕತ್ತೆಯ ಜಗದೀಶಚಂದ್ರ ಬೋಸರೂ ಒಬ್ಬರು. 1890ರ ದಶಕದಲ್ಲೇ ಅವರು ಗೋಡೆಗಳಾಚೆಗೆ ತಂತಿಯಿಲ್ಲದೆ ಅಲೆಗಳನ್ನು ಕಳಿಸಿ ಗಂಟೆ ಬಾರಿಸಿ ತೋರಿಸಿದರು. 1935ರಲ್ಲಿ ಮೈಸೂರಿನ ಮಹಾರಾಜಾ ಕಾಲೇಜಿನ ಮನಶ್ಶಾಸ್ತ್ರ ಪ್ರಾಧ್ಯಾಪಕ ಎಂ.ವಿ. ಗೋಪಾಲಸ್ವಾಮಿ ತಮ್ಮ ಮನೆಯಲ್ಲಿ ಒಂದು ಪುಟ್ಟ ರೇಡಿಯೊ ಕೇಂದ್ರ ತೆರೆದರು. ಅದಕ್ಕೆ ‘ಆಕಾಶವಾಣಿ’ ಎಂಬ ಹೆಸರಾಯಿತು. 1950ರ ದಶಕದಲ್ಲಿ ಇಡೀ ದೇಶದ ರೇಡಿಯೊ ಅದೇ ಹೆಸರನ್ನು ತೊಟ್ಟಿತು. ಬೆಳಕಿನ ಜಾತಿಯದೇ ಆದ ಅಲೆಯೊಂದು ಶಬ್ದವನ್ನು ಮನೆಮನೆಗೆ ತಂದಾಗ, ಶಬ್ದಗುಣದ ಆಕಾಶಕ್ಕೆ ಹೊಂದುವ ಹೆಸರೇ ಸಿಕ್ಕಿತು. ಅಷ್ಟರಲ್ಲಿ ಈಥರ್ ಅನಗತ್ಯವೆಂದು ಐನ್‌ಸ್ಟೈನ್ ಹೇಳಿ ಮೂವತ್ತು ವರ್ಷ ಕಳೆದಿತ್ತು.

ಉಳಿದದ್ದೇನು?

ಹೆಸರು ಉಳಿದಿದೆ. 1973ರಲ್ಲಿ ಅಮೆರಿಕದಲ್ಲಿ ಕಂಪ್ಯೂಟರುಗಳನ್ನು ಪರಸ್ಪರ ಜೋಡಿಸುವ ಒಂದು ಬಗೆಯನ್ನು ರೂಪಿಸಿದವರು ಅದಕ್ಕೆ ಈಥರ್‌ನೆಟ್ ಎಂದು ಹೆಸರಿಟ್ಟರು. ವಿಶ್ವದ ವಿಸ್ತರಣೆಯನ್ನು ಚುರುಕುಗೊಳಿಸುವ ಅಜ್ಞಾತ ಶಕ್ತಿಯನ್ನು ವಿವರಿಸಲು 1998ರಲ್ಲಿ ಮುಂದಿಟ್ಟ ಊಹೆಯೊಂದಕ್ಕೆ, ಐದನೆಯ ದ್ರವ್ಯ ಎಂಬರ್ಥದ ‘ಕ್ವಿಂಟೆಸೆನ್ಸ್’ ಎಂಬ ಹಳೆಯ ಹೆಸರನ್ನೇ ಇಡಲಾಯಿತು. ಐನ್‌ಸ್ಟೈನ್ ಕೂಡ 1920ರ ಉಪನ್ಯಾಸವೊಂದರಲ್ಲಿ, ಬಾಗುವ ಗುಣವುಳ್ಳ ಅವಕಾಶವನ್ನು ಬೇಕಾದರೆ ಈಥರ್ ಎಂದು ಕರೆಯಬಹುದು, ಆದರೆ ಅದು ಚಲಿಸುವ ವಸ್ತು ಎಂದು ಮಾತ್ರ ತಿಳಿಯಬಾರದು ಎಂದಿದ್ದ.

ಉಪಕರಣವೂ ಉಳಿದಿದೆ. ಮೈಕೆಲ್ಸನ್ನನ ಎರಡು ಕಿರಣಗಳ ಉಪಾಯವನ್ನೇ 4 ಕಿಲೋಮೀಟರ್ ಉದ್ದದ ಬಾಹುಗಳಿಗೆ ಬೆಳೆಸಿ ಅಮೆರಿಕದಲ್ಲಿ ಲೈಗೊ ಎಂಬ ವೀಕ್ಷಣಾಲಯಗಳನ್ನು ಕಟ್ಟಿದರು. ಎರಡು ಕಪ್ಪುಕುಳಿಗಳು ಒಂದಾದಾಗ ಎದ್ದ ಗುರುತ್ವದ ಅಲೆ ಅಲ್ಲಿ ಮೊದಲ ಬಾರಿ ದಾಖಲಾಯಿತು. ದಿನಾಂಕ 2015ರ ಸೆಪ್ಟೆಂಬರ್ 14. ರೇಮಂಡ್ ಲಾಜ್ ಸತ್ತು ಅಂದಿಗೆ ಸರಿಯಾಗಿ ನೂರು ವರ್ಷ. ಇದು ಬರಿಯ ಕಾಕತಾಳೀಯ. ಆಲಿವರ್ ಲಾಜ್ ಬದುಕಿದ್ದರೆ ಹಾಗೆನ್ನುತ್ತಿರಲಿಲ್ಲವೇನೋ.

ಕಾಣದ್ದನ್ನು ಊಹಿಸುವುದು ತಪ್ಪಲ್ಲ. ಪರಮಾಣುವೂ ಒಂದು ಕಾಲಕ್ಕೆ ಊಹೆಯೇ ಆಗಿತ್ತು. ಅದು ಪರೀಕ್ಷೆಗಳಲ್ಲಿ ಗೆದ್ದು ನಿಂತಿತು, ಈಥರ್ ಸೋತು ಹೋಯಿತು. ಹೋಗುವ ಮುನ್ನ ಒಂದು ಶತಮಾನದ ಭೌತವಿಜ್ಞಾನವನ್ನು ತನ್ನ ಬೆನ್ನ ಮೇಲೆ ಹೊತ್ತು ದಾಟಿಸಿತ್ತು. ಪರಲೋಕವಿದೆಯೇ ಎಂಬ ಪ್ರಶ್ನೆಗೆ ಪಾದರಸದ ಮೇಲೆ ತೇಲಿದ ಕಲ್ಲು ಉತ್ತರ ಹೇಳಲಿಲ್ಲ. ಅದನ್ನು ಕೇಳಿದ್ದೂ ಆ ಪ್ರಶ್ನೆಯಲ್ಲ. ಸತ್ತ ಮಗನನ್ನು ನೆನೆಯುವ ತಂದೆಗೆ ತನ್ನ ನಂಬಿಕೆಯನ್ನು ಇಟ್ಟುಕೊಳ್ಳುವ ಹಕ್ಕಿದೆ. ಆದರೆ ಅದಕ್ಕೆ ವಿಜ್ಞಾನದ ಮುದ್ರೆ ಒತ್ತುವ ಮೊದಲು, ಯಾವ ಫಲಿತಾಂಶ ಬಂದರೆ ಅದನ್ನು ಬಿಟ್ಟುಕೊಡುತ್ತೇನೆ ಎಂದು ಹೇಳಬೇಕಾಗುತ್ತದೆ. ಲಾಜ್ 1940ರಲ್ಲಿ ತೀರಿಕೊಳ್ಳುವವರೆಗೂ ಅದನ್ನು ಹೇಳಲಿಲ್ಲ.